ಕಂಪ್ಯೂಟರಿನಲ್ಲಿ ಕೂತ ಷಡ್ಡಕ

ನನಗೆ ಹೊಟ್ಟೆಕಿಚ್ಚು ಇದೆ. ಇದನ್ನು ಮೊದಲೇ ಹೇಳಿಬಿಟ್ಟರೆ ಮುಂದೆ ನೀವು ಕಂಡುಹಿಡಿಯುವ ಶ್ರಮ ತಪ್ಪುತ್ತದೆ. ಆದರೆ ನನ್ನದು ಊರ ತುಂಬ ಹರಡಿಕೊಂಡ ಹೊಟ್ಟೆಕಿಚ್ಚಲ್ಲ. ದೇಶದ ದೊಡ್ಡ ಶ್ರೀಮಂತರ ಬಗ್ಗೆ ಪತ್ರಿಕೆಯಲ್ಲಿ ಓದಿದರೆ ನನಗೇನೂ ಆಗುವುದಿಲ್ಲ. ಪತ್ರಿಕೆ ಮಡಿಸಿಟ್ಟು ನೆಮ್ಮದಿಯಾಗಿ ಚಹಾ ಕುಡಿಯುತ್ತೇನೆ. ನನ್ನ ಹೊಟ್ಟೆಕಿಚ್ಚಿಗೆ ಇರುವುದು ಒಂದೇ ವಿಳಾಸ: ಎರ್ರಿಸ್ವಾಮಿ, ಕುರುಗೋಡು. ಅವನು ನನ್ನ ಷಡ್ಡಕ. ನನ್ನ ಹೆಂಡತಿ ಅನ್ನಪೂರ್ಣಳ ತಂಗಿ ಗಿರಿಜಳ ಗಂಡ. ಅಣ್ಣತಮ್ಮಂದಿರು ಉದ್ಧಾರವಾದರೆ ನಮಗೂ ಒಂದಿಷ್ಟು ಮರ್ಯಾದೆ ಬರುತ್ತದೆ, ಆಗದವರು ಉದ್ಧಾರವಾದರೆ ಬಾಯಿ ತುಂಬ ಬೈಯಬಹುದು. ಷಡ್ಡಕ ಉದ್ಧಾರವಾದರೆ ಮಾತ್ರ ಅವನ ಪಕ್ಕದಲ್ಲೇ ಕೂತು, ನಗುನಗುತ್ತ, ಅವನೇ ತಂದ ಹಣ್ಣು ತಿನ್ನಬೇಕಾಗುತ್ತದೆ.

ನಮ್ಮ ಕಡೆಯ ಕಬ್ಬಿಣದ ಅದಿರಿಗೆ ಬೆಲೆ ಬರುವ ಮೊದಲು ಪರಿಸ್ಥಿತಿ ಹೀಗಿರಲಿಲ್ಲ. ನಾನು ಸಿರುಗುಪ್ಪದ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನದ ಮಾಸ್ತರ. ಎರ್ರಿಸ್ವಾಮಿ ಕುರುಗೋಡಿನಲ್ಲಿ ಶಾಮಿಯಾನ, ಕುರ್ಚಿ ಬಾಡಿಗೆಗೆ ಕೊಡುತ್ತಿದ್ದ. ಮಾವನ ಮನೆಯೂ ಅದೇ ಊರು. ಅಲ್ಲಿ ಹಿರಿ ಅಳಿಯನಾದ ನನಗೆ ದಿಂಬು ಹಾಕಿದ ಕುರ್ಚಿ, ಅವನಿಗೆ ಅವನದೇ ಅಂಗಡಿಯ ಪ್ಲಾಸ್ಟಿಕ್ ಕುರ್ಚಿ. ಊಟಕ್ಕೆ ಕೂತರೆ ಅತ್ತೆಯವರ ತುಪ್ಪದ ಸೌಟು ಮೊದಲು ನನ್ನ ಎಲೆಗೇ ಬರುತ್ತಿತ್ತು. ಯಾವುದಾದರೂ ಅರ್ಜಿ ಬರೆಯಬೇಕಾದರೆ ಎರ್ರಿಸ್ವಾಮಿ ನನ್ನ ಹತ್ತಿರ ಬಂದು, "ಅಣ್ಣಾ, ನಿಮ್ಮ ಕೈಯಾಗ ಬರದ್ರ ಕೆಲ್ಸ ಆಕೈತಿ" ಎನ್ನುತ್ತಿದ್ದ. ನಾನು ಪೆನ್ನಿನ ಕ್ಯಾಪು ತೆಗೆಯುವುದರಲ್ಲೇ ಐದು ನಿಮಿಷ ಮಾಡುತ್ತಿದ್ದೆ. ಆಮೇಲೆ ಅವನು ಒಂದು ಲಾರಿ ಕೊಂಡು ಅದಿರು ಸಾಗಿಸಲು ಬಿಟ್ಟ. ಒಂದು ಮೂರಾಯಿತು, ಮೂರು ಆರಾಯಿತು. ಬಳ್ಳಾರಿಯ ಕಡೆ ಆಗ ಯಾರನ್ನು ಕೇಳಿದರೂ ಹೀಗೇ ಏನಾದರೊಂದು ಆಗಿರುತ್ತಿದ್ದರು. ನಮ್ಮ ಶಾಲೆಯ ಡ್ರಿಲ್ ಮಾಸ್ತರರೇ ದೀರ್ಘ ರಜೆ ಹಾಕಿ ಯಾರದೋ ಗಣಿಯಲ್ಲಿ ಲಾರಿಗಳನ್ನು ಸಾಲು ನಿಲ್ಲಿಸುವ ಕೆಲಸಕ್ಕೆ ಹೋದರು. ಅವರ ಸೀಟಿ ಕೊನೆಗೂ ಉಪಯೋಗಕ್ಕೆ ಬಂತು ಎಂದು ಸ್ಟಾಫ್ ರೂಮಿನಲ್ಲಿ ನಾನೇ ಹೇಳಿ ನಾನೇ ನಕ್ಕಿದ್ದೆ. ಆದರೆ ತುಪ್ಪದ ಸೌಟು ನನ್ನ ಎಲೆ ದಾಟಿ ಎರ್ರಿಸ್ವಾಮಿಯ ಎಲೆಯ ಕಡೆ ಮೊದಲ ಸಲ ಹೋದ ದಿನ ನನಗೆ ನಗು ಬರಲಿಲ್ಲ.

ಅವನು ಸೊಕ್ಕಿನವನಾಗಿದ್ದರೆ ನಾನು ಎಷ್ಟೋ ಸುಖವಾಗಿರುತ್ತಿದ್ದೆ. ಆದರೆ ಅವನು ಒಳ್ಳೆಯವನು. ಈಗಲೂ "ಅಣ್ಣಾ" ಎಂದೇ ಕರೆಯುತ್ತಾನೆ, ಕಾರಿನಿಂದಿಳಿದು ಬಂದು ನನ್ನ ಸ್ಕೂಟರಿನ ಯೋಗಕ್ಷೇಮ ವಿಚಾರಿಸುತ್ತಾನೆ. ಪ್ರಶ್ನೆಪತ್ರಿಕೆ ಟೈಪು ಮಾಡಲು ಒಂದು ಕಂಪ್ಯೂಟರ್ ಬೇಕಾಗಿತ್ತು ಎಂದು ಅನ್ನಪೂರ್ಣ ತಂಗಿಯ ಹತ್ತಿರ ಬಾಯಿಬಿಟ್ಟದ್ದೇ ತಡ, ನಾಲ್ಕನೇ ದಿನ ನಮ್ಮ ಮನೆ ಮುಂದೆ ಒಂದು ಲಾರಿ ಬಂದು ನಿಂತಿತು. ಹತ್ತು ಗಾಲಿಯ ಖಾಲಿ ಲಾರಿ. ಅದರಲ್ಲಿ ಗೋಣಿಚೀಲದ ಮೇಲೆ ಒಂದೇ ಒಂದು ಕಂಪ್ಯೂಟರ್. ಓಣಿಯ ಮಂದಿಯೆಲ್ಲ ಹೊರಗೆ ಬಂದರು. "ಎರ್ರಿಸ್ವಾಮಣ್ಣ ಹೊಸಾದ್ ತೊಗೊಂಡಾನ್ರೀ, ಇದು ನಿಮಗ ಇರ್ಲಿ ಅಂದ" ಎಂದ ಡ್ರೈವರ್, ಓಣಿಗೆಲ್ಲ ಕೇಳುವ ಹಾಗೆ. ಒಂದು ವರ್ಷವೂ ಆಗಿರದ ಕಂಪ್ಯೂಟರು, ನಮ್ಮ ಹೆಡ್‌ಮಾಸ್ತರರ ಕೋಣೆಯಲ್ಲೂ ಅಂಥದ್ದಿರಲಿಲ್ಲ. ಕೀಬೋರ್ಡಿನ ಮೇಲ್ತುದಿಯಲ್ಲಿ ಒಂದು ಸಾಲು ಹೊಳೆಯುವ ಗುಂಡಿಗಳು ಬೇರೆ ಹೆಚ್ಚಿಗೆ ಇದ್ದವು. ಕೇಳಿದವರಿಗೆಲ್ಲ ನಾನು "ಹಳೇದು, ಹಳೇದು" ಎಂದು ಹೇಳಿ ಸಮಾಧಾನ ಮಾಡಿಕೊಂಡೆ.

ಹದಿನೈದು ದಿನ ಅದು ತಂಟೆ ಮಾಡಲಿಲ್ಲ. ದಸರೆ ಬಂತು. ಆಯುಧ ಪೂಜೆಯ ದಿನ ಸ್ಕೂಟರು, ಹೊಲಿಗೆ ಮಷಿನ್ನು, ಈಳಿಗೆಮಣೆಯ ಜೊತೆ ಕಂಪ್ಯೂಟರಿಗೂ ಪೂಜೆ ಮಾಡಿದೆ. ಮಾನಿಟರಿಗೆ ಮೂರು ಬೆರಳಿನ ವಿಭೂತಿ, ಸಿಪಿಯು ಡಬ್ಬಿಗೆ ಕುಂಕುಮ, ಮೌಸಿಗೆ ಒಂದು ಚೆಂಡುಹೂವು. ಸಿರುಗುಪ್ಪದಲ್ಲಿ ಇನ್ನೇನಿಲ್ಲದಿದ್ದರೂ ಅಕ್ಕಿಗೆ ಕೊರತೆಯಿಲ್ಲವಾದ್ದರಿಂದ ಅಕ್ಷತೆಯನ್ನು ಧಾರಾಳವಾಗಿಯೇ ಹಾಕಿದೆ. ಕಣ್ಣು ಮುಚ್ಚಿ ಕೈಮುಗಿದು ನಿಂತವನನ್ನು ನೋಡಿ ಅನ್ನಪೂರ್ಣ, "ಏನ್ರೀ ಅದು, ಇಷ್ಟೊತ್ತು ಏನ್ ಬೇಡ್ಕೊಳ್ಳಾಕತ್ತೀರಿ?" ಎಂದಳು. "ಎಲ್ಲರಿಗೂ ಒಳ್ಳೇದಾಗ್ಲಿ ಅಂತ" ಎಂದೆ.

ರಜೆ ಮುಗಿದು ಅರ್ಧವಾರ್ಷಿಕ ಪರೀಕ್ಷೆಯ ಪತ್ರಿಕೆ ತಯಾರಿಸಲು ಕೂತಾಗ ಅದು ಶುರುವಾಯಿತು. ಏಳನೇ ಪ್ರಶ್ನೆ ಟೈಪು ಮಾಡುತ್ತಿದ್ದೇನೆ, ಇದ್ದಕ್ಕಿದ್ದ ಹಾಗೆ ಪರದೆಯ ನಡುವೆ ಕಪ್ಪು ಕಿಟಕಿಯೊಂದು ತೆರೆದುಕೊಂಡಿತು. ಅದರಲ್ಲಿ ಬೆಂಕಿ, ಬೆಂಕಿಯ ನಡುವಿನಿಂದ ನುಗ್ಗಿ ಬರುವ ಲಾರಿ, ಎದೆ ನಡುಗಿಸುವ ಹಾರ್ನು, ಕೆಳಗೆ ಬಂಗಾರದ ಬಣ್ಣದ ಇಂಗ್ಲಿಷ್ ಅಕ್ಷರಗಳಲ್ಲಿ "ವೆಲ್‌ಕಮ್ ಬ್ಯಾಕ್, ಕಿಂಗ್ ಎರ್ರಿಸ್ವಾಮಿ!" ಅದು ಲಾರಿ ಓಡಿಸುವ ಆಟವೊಂದರ ಲಾಂಚರ್, ಅಂದರೆ ಆಟಕ್ಕೆ ಮೊದಲು ತೆರೆಯುವ ಬಾಗಿಲು ಎಂದು ಆಮೇಲೆ ತಿಳಿಯಿತು. ರಸ್ತೆಯ ಮೇಲಿನ ಆರು ಲಾರಿ ಸಾಲದೆಂದು ಅವನು ಮನೆಯಲ್ಲಿ ಕೂತು ಏಳನೆಯದನ್ನು ಓಡಿಸುತ್ತಿದ್ದನಂತೆ. ಅಡುಗೆಮನೆಯಿಂದ ಅನ್ನಪೂರ್ಣ, "ಯಾರ್ ಬಂದ್ರು? ಲಾರಿ ಬಂದಂಗಾತು" ಎಂದಳು. "ನಿನ್ನ ತಂಗಿ ಗಂಡ" ಎಂದೆ. ಪಾಪ, ಅವಳು ಸೆರಗು ಸರಿಮಾಡಿಕೊಂಡು ಚಹಾಕ್ಕೆ ಇಟ್ಟುಬಿಟ್ಟಳು.

ಕಿಟಕಿ ಮುಚ್ಚಿದೆ, ಮರುದಿನ ಮತ್ತೆ ಬಂತು. ಕಂಪ್ಯೂಟರ್ ಆರಿಸಿ ಹಚ್ಚಿದೆ, ಬಂತು. ಆಟವನ್ನೇ ಕಿತ್ತುಹಾಕಲು ಹೋದರೆ ಪಾಸ್‌ವರ್ಡ್ ಕೇಳಿತು. ನಮ್ಮ ಶಾಲೆಯ ಕಂಪ್ಯೂಟರ್ ಟೀಚರು ಮನೆಗೆ ಬಂದು, ಕಂಪ್ಯೂಟರ್ ಹಚ್ಚಿದೊಡನೆ ತಾನಾಗಿ ಏಳುವ ಕಾರ್ಯಕ್ರಮಗಳ ಪಟ್ಟಿಯಲ್ಲಿ ಹುಡುಕಿ, "ಇದರಾಗ ಆ ಆಟ ಇಲ್ಲೇ ಇಲ್ಲಲ್ರೀ ಸರ್" ಎಂದು ನನ್ನನ್ನೇ ಅನುಮಾನದಿಂದ ನೋಡಿದರು. ಎರ್ರಿಸ್ವಾಮಿಗೆ ಒಂದು ಫೋನು ಮಾಡಿ ಪಾಸ್‌ವರ್ಡ್ ಕೇಳಿದ್ದರೆ ಎರಡು ನಿಮಿಷದ ಕೆಲಸ. ಅನ್ನಪೂರ್ಣ ಮೂರು ಸಲ ಹೇಳಿದಳು. ಆದರೆ ಅವನ ಅರ್ಜಿ ಬರೆದುಕೊಟ್ಟ ಕೈಯಿಂದ ಅವನಿಗೇ ಫೋನು ಹಚ್ಚಿ "ನನಗೆ ಬರುತ್ತಿಲ್ಲ" ಎನ್ನುವುದೆಂದರೆ? ಅವನು ಖಂಡಿತ ನಗುತ್ತಿರಲಿಲ್ಲ, ಪ್ರೀತಿಯಿಂದ ಹೇಳಿಕೊಡುತ್ತಿದ್ದ. ಅದನ್ನೇ ನನ್ನಿಂದ ತಡೆದುಕೊಳ್ಳಲಾಗುತ್ತಿರಲಿಲ್ಲ.

ಈ ನಡುವೆ ನಾನು ಒಂದು ಸೂಕ್ಷ್ಮ ಗಮನಿಸಿದೆ. ಕಿಟಕಿ ಯಾವಾಗೆಂದರೆ ಆವಾಗ ಬರುತ್ತಿರಲಿಲ್ಲ. ನಾನು ಎರ್ರಿಸ್ವಾಮಿಯನ್ನು ನೆನೆದಾಗ ಬರುತ್ತಿತ್ತು. ನೀವು ನಂಬಲಿಕ್ಕಿಲ್ಲ. "ಗಿರಿಜಾ ಮನ್ಯಾಗ ಎಸಿ ಹಾಕ್ಸಿದ್ರಂತ" ಎಂದು ಅನ್ನಪೂರ್ಣ ಹೇಳಿದಾಗ ನಾನು ಟೈಪು ಮಾಡುತ್ತಿದ್ದೆ. ಎರಡನೇ ಸಾಲಿಗೆ ಕಿಟಕಿ ಬಂತು. ಅವರು ಎಲ್ಲರೂ ಸೇರಿ ವಿಮಾನದಲ್ಲಿ ತಿರುಪತಿಗೆ ಹೋದರು ಎಂದಾಗಲೂ ಬಂತು. ಮಕ್ಕಳ ಅಂಕಪಟ್ಟಿಯನ್ನು ಶಾಂತಚಿತ್ತನಾಗಿ ತುಂಬುತ್ತಿದ್ದ ಒಂದು ಭಾನುವಾರ ಬೆಳಿಗ್ಗೆಯೆಲ್ಲ ಬರಲಿಲ್ಲ. ಅವನಿಗೆ ನನ್ನ ಮನಸ್ಸು ಗೊತ್ತಾಗುತ್ತದೆ, ಗೊತ್ತಾಗಿ ಒಳಗಿನಿಂದ ಹಾರ್ನು ಹೊಡೆಯುತ್ತಾನೆ ಎನ್ನುವವರೆಗೆ ನನ್ನ ಸಮಾಜ ವಿಜ್ಞಾನ ಮುಟ್ಟಿತು.

ಅಷ್ಟರಲ್ಲಿ ಅತ್ತೆ ಮಾವನವರ ಮದುವೆಯಾಗಿ ಐವತ್ತು ವರ್ಷ ತುಂಬಿತು. ಕಾರ್ತೀಕದಲ್ಲಿ ಕುರುಗೋಡಿನಲ್ಲಿ ಸಮಾರಂಭ. ಮಂಟಪ ಎರ್ರಿಸ್ವಾಮಿಯದು, ಊಟ ಎರ್ರಿಸ್ವಾಮಿಯದು, ಬಂದ ಹೆಣ್ಣುಮಕ್ಕಳಿಗೆಲ್ಲ ಸೀರೆಯೂ ಅವನದೇ. "ಹಿರೇಮಗಳು ನಾನು. ನಂದೇನೈತಿ ಅದರಾಗ?" ಎಂದು ಅನ್ನಪೂರ್ಣ ಮುಖ ಸಣ್ಣದು ಮಾಡಿ ಕೇಳಿದಳು. ಆಗ ನನಗೆ ಹೊಳೆಯಿತು: ಫೋಟೋ ಪ್ರದರ್ಶನ! ಹಳೆಯ ಫೋಟೋಗಳನ್ನೆಲ್ಲ ಕಂಪ್ಯೂಟರಿಗೆ ಹಾಕಿ ಗೋಡೆಯ ಮೇಲೆ ದೊಡ್ಡದಾಗಿ ತೋರಿಸುವುದು. ಇದು ಲಾರಿ ಇದ್ದವರಿಂದ ಆಗುವ ಕೆಲಸವಲ್ಲ, ತಲೆ ಇದ್ದವರದು. ಮೂರು ವಾರ ನಾನೂ ಅವಳೂ ನೆಂಟರ ಮನೆಗಳ ಟ್ರಂಕು ತೆಗೆಸಿ ಫೋಟೋ ಕೂಡಿಸಿದೆವು. ಕುರ್ಚಿಯ ಹಿಂದೆ ನಿಂತ ಎಳೆಯ ಅತ್ತೆ, ಮಾವನವರ ಮೊದಲ ಸೈಕಲ್ಲು, ಕೆಂಚನಗುಡ್ಡದ ಹೊಳೆದಂಡೆಯಲ್ಲಿ ಬುತ್ತಿ ಬಿಚ್ಚಿಕೊಂಡು ಕೂತ ಇಡೀ ಮನೆತನ. ಪ್ರತಿಯೊಂದರ ಕೆಳಗೆ ನಾನು ಎರಡೆರಡು ಸಾಲು ಬರೆದೆ. ಅನ್ನಪೂರ್ಣ ಓದಿ, "ನಿಮ್ಮಂಗ ಬರಿಯೋರು ನಮ್ಮ ಪೈಕಿ ಯಾರದಾರ?" ಎಂದಳು. ಈ ಮಾತು ಕೇಳಿ ಎಷ್ಟು ವರ್ಷವಾಗಿತ್ತು! ತುಪ್ಪದ ಸೌಟು ಹಿಂದಿರುಗುವ ದಿನ ಬಂತು ಎಂದು ನನಗೆ ಖಾತ್ರಿಯಾಯಿತು.

ಸಮಾರಂಭದ ಮಧ್ಯಾಹ್ನ, ಊಟಕ್ಕೆ ಮೊದಲು, ಮಂಟಪದ ಕಿಟಕಿಗಳಿಗೆ ಪರದೆ ಎಳೆಸಿದೆ. ಬಾಡಿಗೆಯ ಪ್ರೊಜೆಕ್ಟರು, ಬೆಡ್‌ಶೀಟಿನಲ್ಲಿ ಸುತ್ತಿ ತಂದ ನಮ್ಮ ಕಂಪ್ಯೂಟರು, ಮಂಟಪದ ಎರಡು ದೊಡ್ಡ ಸ್ಪೀಕರು. ಒಂದೊಂದು ಫೋಟೋಕ್ಕೂ ನಾನು ಕೀಲಿ ಒತ್ತುತ್ತಿದ್ದೆ. ಅತ್ತೆ ತಮ್ಮ ತಾಯಿಯ ಫೋಟೋ ನೋಡಿ ಕಣ್ಣೊರೆಸಿಕೊಂಡರು. ಮಾವ ಸೈಕಲ್ಲಿನ ಮೇಲಿದ್ದ ತಮ್ಮನ್ನು ನೋಡಿ, "ಅಲ್ನೋಡು, ಎಷ್ಟ್ ಕೂದ್ಲು!" ಎಂದು ಕೂಗಿದರು. ಜನ ನನ್ನ ಕಡೆ ತಿರುಗಿ ನೋಡತೊಡಗಿದರು. ಆಮೇಲೆ ಎರ್ರಿಸ್ವಾಮಿಯ ಮೊದಲ ಲಾರಿಯ ಪೂಜೆಯ ಫೋಟೋ ಬಂತು. ಹಾಕಬೇಡ ಎಂದರೂ ಅನ್ನಪೂರ್ಣ ಹಟ ಹಿಡಿದು ಹಾಕಿಸಿದ್ದು. ಇಡೀ ಮಂಟಪ ಸೀಟಿ ಹೊಡೆಯಿತು. ಅತ್ತೆಯ ತಾಯಿಗೆ ಹೊಡೆಯದ ಸೀಟಿ! ಆ ಲಾರಿ ಗೋಡೆಯ ಮೇಲೆ ಇನ್ನೊಂದು ಕ್ಷಣವೂ ಇರಬಾರದೆಂದು ನಾನು ಕೀಲಿಯನ್ನು ಒತ್ತಿದೆ. ಒತ್ತಿದೆ ಎಂದರೆ, ಗುದ್ದಿದೆ.

ಗೋಡೆಯ ತುಂಬ ಬೆಂಕಿ ಹತ್ತಿತು. ಬೆಂಕಿಯಿಂದ ಆಳೆತ್ತರದ ಲಾರಿ ನುಗ್ಗಿ ಬಂತು. ಎರಡೂ ಸ್ಪೀಕರಿನಲ್ಲಿ ಹಾರ್ನು ಮೊಳಗಿತು. "ವೆಲ್‌ಕಮ್ ಬ್ಯಾಕ್, ಕಿಂಗ್ ಎರ್ರಿಸ್ವಾಮಿ!" ಆಮೇಲೆ ಬಿದ್ದ ಚಪ್ಪಾಳೆಗೆ ಅಡುಗೆಯವರು ಸೌಟು ಹಿಡಿದುಕೊಂಡೇ ಓಡಿಬಂದರು. ಬಾದನಹಟ್ಟಿಯಿಂದ ಬಂದಿದ್ದ ಮಾವನವರ ಗೆಳೆಯರೊಬ್ಬರು ಎದ್ದು ನಿಂತು, "ಎಂಥಾ ಅಳಿಯನ್ನ ಪಡ್ಕೊಂಡೀಯೋ! ಸಿನಿಮಾನ ತೆಗದಾನಲ್ಲೋ!" ಎಂದರು. ಎರ್ರಿಸ್ವಾಮಿ ಗಾಬರಿಯಾಗಿ ಎದ್ದು, "ನಂದಲ್ರೀ, ನನಗೇನೂ ಗೊತ್ತಿಲ್ಲ, ಇದೆಲ್ಲಾ ಮಾಸ್ತರಣ್ಣ ಮಾಡಿದ್ದು" ಎಂದು ಕೈಮುಗಿದ. "ನೋಡ್ರಿ, ಎಷ್ಟ್ ದೊಡ್ಡ ಗುಣ!" ಎಂದು ಮತ್ತೊಮ್ಮೆ ಚಪ್ಪಾಳೆಯಾಯಿತು. ಉಳಿದ ಫೋಟೋಗಳನ್ನು ನಾನೊಬ್ಬನೇ ನೋಡಿದೆ. ಊಟದ ಪಂಕ್ತಿಯಲ್ಲಿ ತುಪ್ಪದ ಸೌಟು ನೇರ ಅವನ ಎಲೆಗೆ ಹೋಯಿತು. ಅವನು ಎಲೆಯ ಮೇಲೆ ಕೈ ಅಡ್ಡ ಹಿಡಿದು, "ಅತ್ತಿ, ಮೊದ್ಲ ಅಣ್ಣಗ ಹಾಕ್ರಿ" ಎಂದ. ಹೀಗೆ ಶಿಫಾರಸಿನ ಮೇಲೆ ಬಂದ ತುಪ್ಪವನ್ನು ನಾನು ಅನ್ನಕ್ಕೆ ಕಲಸಿಕೊಂಡು ಉಂಡೆ. ಹೆಣ್ಣುಮಕ್ಕಳ ಪಂಕ್ತಿಯಿಂದ ಅನ್ನಪೂರ್ಣ ನನ್ನನ್ನು ನೋಡುತ್ತಿದ್ದಳು. ಸಿಟ್ಟಾಗಿದ್ದರೆ ತಡೆದುಕೊಳ್ಳುತ್ತಿದ್ದೆ, ಅವಳಿಗೆ ಪಾಪ ಅನ್ನಿಸಿತ್ತು.

ಮುಂದಿನ ಭಾನುವಾರ ಕಂಪ್ಯೂಟರನ್ನು ಇಡಿಯಾಗಿ ಕಟ್ಟಿಕೊಂಡು ಬಸ್ಸು ಹತ್ತಿ ಬಳ್ಳಾರಿಗೆ ಹೋದೆ. ಅಲ್ಲಿ ಮೆಹಬೂಬ್ ಬಾಷಾ ಎಂಬವರು ಮೂವತ್ತು ವರ್ಷ ರೇಡಿಯೋ ರಿಪೇರಿ ಮಾಡಿ, ಈಗ ಅದೇ ಸ್ಟೂಲಿನ ಮೇಲೆ ಕೂತು ಕಂಪ್ಯೂಟರ್ ರಿಪೇರಿ ಮಾಡುತ್ತಾರೆ. ಎಲ್ಲ ಜೋಡಿಸಿ, "ಮನ್ಯಾಗ ಹೆಂಗ ಬರೀತೀರೋ ಹಂಗ ಬರೀರಿ, ಸಾಬ್" ಎಂದರು. ನಾನು ಒಳ್ಳೆಯ ವಿದ್ಯಾರ್ಥಿಯ ಹಾಗೆ ಮೆಲ್ಲಗೆ ಟೈಪು ಮಾಡಿದೆ. ಕಿಟಕಿ ಬರಲಿಲ್ಲ. ಹತ್ತು ನಿಮಿಷವಾದರೂ ಬರಲಿಲ್ಲ. ಅವರು ಚಹಾ ತರಿಸಿ, ಮಾತಿಗೆಂದು, "ಚಲೋ ಮಾಲು ಐತಿ. ಎಲ್ಲಿ ತೊಗೊಂಡ್ರಿ?" ಎಂದರು. "ತೊಗೊಂಡಿದ್ದಲ್ಲ, ನಮ್ಮ ಷಡ್ಡಕ ಕೊಟ್ಟಿದ್ದು. ಅವಂದು ಲಾರಿ ಅದಾವು. ಮೊದ್ಲ ನನ್ನ ಹತ್ರಾನ ಅರ್ಜಿ ಬರೆಸ್ತಿದ್ದ..." ಎಂದು ನಾನು ಶುರುಮಾಡಿದೆ. ಮಾತಾಡುತ್ತ ಬೆರಳುಗಳೂ ಟೈಪು ಮಾಡುತ್ತಲೇ ಇದ್ದವು. "ಮೊನ್ನೆ ಎಸಿ ಬ್ಯಾರೆ ಹಾಕ್ಸ್ಯಾನ" ಎನ್ನುವಷ್ಟರಲ್ಲಿ ಹಾರ್ನು ಮೊಳಗಿ, ಬಾಷಾ ಅವರ ಕಪ್ಪಿನಿಂದ ಚಹಾ ತುಳುಕಿತು.

ಅವರು ಪರದೆಯನ್ನು ನೋಡಲಿಲ್ಲ, ನನ್ನ ಕೈಗಳನ್ನು ನೋಡಿದರು. "ಅರೆ ಸಾಬ್, ಷಡ್ಡಕರ ಮಾತು ಬಂದ ಕೂಡ್ಲೆ ಮೇಜು ಮುರಿಯೋ ಹಂಗ ಕುಟ್ತೀರಲ್ರೀ!" ಎಂದು ಕೀಬೋರ್ಡನ್ನು ಬೋರಲು ಹಾಕಿ ಬೆನ್ನಿನ ಮೇಲೆ ನಾಲ್ಕು ಏಟು ಕೊಟ್ಟರು. ಒಂದಿಷ್ಟು ಕೆಂಪು ಧೂಳು ಬಿತ್ತು. ಏಳೆಂಟು ಏಟಿಗೆ ಧೂಳಿನ ನಡುವೆ ಒಂದು ಅಕ್ಕಿಕಾಳು ಬಿತ್ತು. ಹಳದಿ ಅಕ್ಕಿಕಾಳು. "ಅಕ್ಷತಿ ಕಾಳು ಐತಲ್ರೀ ಇದು" ಎಂದು ಅದನ್ನು ಬೆರಳ ತುದಿಯಲ್ಲಿ ಎತ್ತಿ ತೋರಿಸಿದರು. ಮೇಲ್ತುದಿಯ ಆ ಹೊಳೆಯುವ ಸಾಲಿನ ಕೊನೆಯ ಗುಂಡಿಯನ್ನು ಒತ್ತಿದರೆ ಆಟ ತೆರೆಯುತ್ತದಂತೆ. ಕಾಳು ಅದರ ಸಂದಿಯಲ್ಲಿ ಸಿಕ್ಕಿ ಗುಂಡಿಯನ್ನು ಅರ್ಧ ಒತ್ತಿ ಹಿಡಿದಿತ್ತು. ಮೆಲ್ಲಗೆ ಬರೆದರೆ ಏನೂ ಇಲ್ಲ, ಯಾವ ಕೀಲಿ ಗುದ್ದಿದರೂ ಆ ಅದುರಿಗೆ ಉಳಿದರ್ಧ ಒತ್ತಿಕೊಳ್ಳುತ್ತಿತ್ತು. ಷಡ್ಡಕ ಒಳಗೆ ಕೂತಿರಲಿಲ್ಲ. ನಾನೇ ಕೈಯಾರೆ ಕರೆಯುತ್ತಿದ್ದೆ.

ಕಾಳನ್ನು ಕಿಸೆಗೆ ಹಾಕಿಕೊಂಡು ಬಸ್ಸಿನಲ್ಲಿ ಮರಳುವಾಗ ಆಯುಧ ಪೂಜೆಯ ದಿನ ನೆನಪಾಯಿತು. ಎಲ್ಲರಿಗೂ ಒಳ್ಳೆಯದಾಗಲಿ ಎಂದು ಬೇಡಿಕೊಂಡೆ ಎಂದು ಹೆಂಡತಿಗೆ ಹೇಳಿದ್ದೆನಲ್ಲ, ಅದು ಸುಳ್ಳು. ಆ ಕಾಳನ್ನು ಹಾಕುವಾಗ ನಾನು ಬೇಡಿಕೊಂಡದ್ದು ಇಷ್ಟೇ: "ಎರ್ರಿಸ್ವಾಮಿಗೆ ಏನೇನು ಬರುತ್ತದೋ ಅದೆಲ್ಲ ನಮ್ಮ ಮನೆಗೂ ಬರಲಿ, ದೇವರೇ." ದೇವರು ಅಕ್ಷರಶಃ ನಡೆಸಿಕೊಟ್ಟಿದ್ದ. ಅವನ ಲಾರಿ ಬಂತು, ಹಾರ್ನು ಬಂತು, ಅವನಿಗೆ ಸಲ್ಲಬೇಕಾದ ಸ್ವಾಗತವೂ ದಿನಾ ತಪ್ಪದೆ ನಮ್ಮ ಮನೆಗೇ ಬಂತು.

"ಏನಾಗಿತ್ತಂತ್ರೀ?" ಎಂದು ಅನ್ನಪೂರ್ಣ ಬಾಗಿಲಲ್ಲೇ ಕೇಳಿದಳು. "ಧೂಳು" ಎಂದೆ. ಈ ವರ್ಷ ಮತ್ತೆ ಆಯುಧ ಪೂಜೆ ಬಂತು. ಪೆಟ್ಟು ತಿಂದವನಿಗೆ ಬುದ್ಧಿ ಬರದೆ ಇರುತ್ತದೆಯೇ? ಕೀಬೋರ್ಡಿನ ಮೇಲೆ ದಪ್ಪನೆಯ ಟವೆಲ್ ಹೊದಿಸಿ, ನಾಲ್ಕೂ ಮೂಲೆ ಒಳಗೆ ಸೇರಿಸಿ, ಆಮೇಲೆಯೇ ಅಕ್ಷತೆ ಹಾಕಿದೆ. ಬೇಡಿಕೊಂಡದ್ದು ಮಾತ್ರ ಹೋದ ವರ್ಷದ್ದನ್ನೇ.