ದರ್ಜಿ ಬದುಕಿಸಿದ ಬಳ್ಳಿ

ಮನೆಯೊಡತಿ ಮಹಡಿಯ ಬಾಲ್ಕನಿಯ ಬೀಗದ ಕೈಯನ್ನು ಕೆಳಮನೆಯ ದರ್ಜಿಗೆ ಕೊಟ್ಟು ಮಗಳ ಮನೆಗೆ ಹೋಗಿ ಎಂಟು ದಿನವಾಗಿತ್ತು. ಆ ಎಂಟು ದಿನದಲ್ಲಿ ಅವನು ನಲವತ್ತು ಜೊತೆ ಶಾಲೆಯ ಬಟ್ಟೆ ಹೊಲಿದ, ಎರಡು ಸೂಜಿ ಮುರಿದ, ಹೆಂಡತಿಯ ಹತ್ತಿರ ಒಂದೇ ಒಂದು ಸಲ ಬೈಸಿಕೊಂಡ. ಅದೂ ಸೋಮವಾರ ಶುರುವಾಗಿ ಸೋಮವಾರಕ್ಕೆ ಮುಗಿಯಿತು. ಬಾಲ್ಕನಿಯ ಬಳ್ಳಿಗೆ ನೀರು ಹಾಕುವುದೊಂದನ್ನು ಮಾತ್ರ ಮರೆತುಬಿಟ್ಟ.

ಅದು ಕೃಷ್ಣಕಮಲದ ಬಳ್ಳಿ. ಗಡಿಯಾರದ ಮುಖಕ್ಕೆ ಸುತ್ತಲೂ ನೇರಳೆ ಕೂದಲು ಬೆಳೆದಂಥ ಹೂ ಬಿಡುತ್ತದೆ. ಒಡತಿ ಹೊರಡುವಾಗ ಹೇಳಿದ್ದಳು: "ಟೈಲರ್ರೇ, ನೀವು ಇಲ್ಲೇ ಇರೋದಾ, ಖಾಲಿ ಮಾಡೋದಾ ಅಂತ ನಾನು ಬಂದ್ಮೇಲೆ ಮಾತಾಡೋಣ. ಅಲ್ಲೀತನಕ ಬಳ್ಳಿ ನಿಮ್ಮ ಕೈಲಿದೆ." ಆ ಬಾಡಿಗೆ ಮನೆಯ ಮುಂದಿನ ಕೋಣೆಯಲ್ಲೇ ಅವನ ಅಂಗಡಿ. ಹದಿನಾಲ್ಕು ವರ್ಷದ ಗಿರಾಕಿಗಳು ಕಣ್ಣು ಮುಚ್ಚಿಕೊಂಡು ನಡೆದುಬರುವ ಬಾಗಿಲು ಅದು. ಅದು ಹೋದರೆ ಮೆಷಿನ್ನು ಹೊತ್ತು ಬೀದಿಗಿಳಿಯಬೇಕು.

ಆಕೆ ಬರುವ ದಿನ ಬೆಳಗ್ಗೆ ಹತ್ತಿ ನೋಡಿದರೆ ಎಲೆಗಳೆಲ್ಲ ಹಿಂಡಿ ಹಾಕಿದ ಕರ್ಚೀಫಿನಂತೆ ಜೋತುಬಿದ್ದಿವೆ! "ಅಯ್ಯಯ್ಯೋ!" ಎಂದು ಅವನು ಕೂಗಿದ್ದು ಏಳು ಬೀದಿಗೆ ಕೇಳಿಸಿತು. ಬಳ್ಳಿಗೆ ನೀರು ಹಾಕದ್ದು ಸಣ್ಣ ತಪ್ಪು, ಕೂಗಿದ್ದೇ ದೊಡ್ಡ ತಪ್ಪು.

ಮೊದಲು ಬಂದವನು ಎದುರುಮನೆಯ ಲಾರಿ ತಾತ. ಮರಳುಗಾಡಿನಲ್ಲಿ ಹುಟ್ಟಿ, ಅಲ್ಲೇ ಮೂವತ್ತು ವರ್ಷ ಲಾರಿ ಓಡಿಸಿದವನು.

"ಲೋ ದರ್ಜಿ, ನಮ್ಮೂರಲ್ಲಿ ಕಲ್ಲಿನ ಮೇಲೆ ಮೊಟ್ಟೆ ಒಡೆದ್ರೆ ಬೇಯುತ್ತೆ. ಅಲ್ಲಿ ಈ ಬಳ್ಳಿಗೆ ದಿನಕ್ಕೆ ಮೂರು ಸಲ ನೀರು. ನೀನು ಎಂಟು ದಿನ ಹಾಕಿಲ್ಲ. ಮೂರೆಂಟ್ಲ ಇಪ್ಪತ್ನಾಲ್ಕು. ಹೊರು ಬಕೆಟ್ಟು!"

ಹೊತ್ತ. ಹನ್ನೊಂದನೆಯ ಬಕೆಟ್ಟಿಗೆ ಕುಂಡ ಕೆರೆಯಾಯಿತು. ಹದಿನೆಂಟಕ್ಕೆ ಮೆಟ್ಟಿಲ ಮೇಲೆ ಜಲಪಾತ. ಇಪ್ಪತ್ನಾಲ್ಕಕ್ಕೆ ಕೆಳಗೆ ಅವನ ಅಂಗಡಿಯಲ್ಲಿ ನೀಲಿ ಚಡ್ಡಿಗಳು ದೋಣಿಯ ಹಾಗೆ ತೇಲಿದವು.

"ಯಾರು ಈ ಗಿಡಾನ ಮುಳುಗಿಸಿದ್ದು?" ಎನ್ನುತ್ತಾ ಪಕ್ಕದ ಮನೆಯ ನರ್ಸಮ್ಮ ಹತ್ತಿ ಬಂದಳು. ಆಕೆಯದು ಹಿಮ ಬೀಳುವ ಬೆಟ್ಟದ ಊರು. "ನಮ್ಮ ಕಡೆ ಚಳಿಗಾಲದಲ್ಲಿ ಮಣ್ಣು ಒಣಗಿದ ಮೇಲೇ ಒಂದು ಲೋಟ. ಇಲ್ದಿದ್ರೆ ಬೇರು ಕೊಳೆಯುತ್ತೆ. ಮೊದ್ಲು ಒರೆಸಿ, ಬೆಚ್ಚಗೆ ಹೊದಿಸಿ!"

"ಇಲ್ಲಿ ಚಳಿ ಎಲ್ಲಿದೆ ಅಕ್ಕಾ?" ಎಂದ ದರ್ಜಿ. ಹೊರಗೆ ಬಿಸಿಲಿಗೆ ಕಾಗೆಗಳೇ ಬೆವರುತ್ತಿದ್ದವು.

"ನರ್ಸು ನಾನೋ ನೀವೋ?"

ಒದ್ದೆ ಎಲೆ ಒಣಗಿಸಲು ದರ್ಜಿಗೆ ಗೊತ್ತಿದ್ದದ್ದು ಒಂದೇ ದಾರಿ. ಇಸ್ತ್ರಿಪೆಟ್ಟಿಗೆ ತಂದ. ಎಲೆಯ ಮೇಲೆ ತೆಳು ಬಟ್ಟೆ ಹಾಸಿ, ರೇಷ್ಮೆ ರವಿಕೆಗೆ ಒತ್ತುವಷ್ಟೇ ನಯವಾಗಿ ಒಂದೊಂದನ್ನೂ ಒತ್ತಿದ. ಎಲೆಗಳು ಗರಿಗರಿಯಾದವು, ಎರಡಕ್ಕೆ ಮಡಿಕೆಯೂ ಬಿತ್ತು. ಮೇಲೆ ನರ್ಸಮ್ಮನ ಕಂಬಳಿ ಬಿತ್ತು.

ಅಷ್ಟರಲ್ಲಿ ಹಿಂದಿನ ಮನೆಯ ಹಡಗಿನ ಭಟ್ಟ ಬಂದ. ದ್ವೀಪದವನು, ಹಡಗುಗಳಲ್ಲಿ ಅಡುಗೆ ಮಾಡಿ ಮುದುಕನಾದವನು. "ಕಂಬಳಿ ಸರಿ, ಒಳಗೆ ಹಬೆ ಎಲ್ಲಿ? ನಮ್ಮ ದ್ವೀಪದಲ್ಲಿ ಗಾಳೀಲೇ ನೀರು. ಉಸಿರೆಳೆದ್ರೆ ಬಾಯಾರಿಕೆ ಹೋಗುತ್ತೆ!" ಎಂದವನೇ ಕುದಿಯುವ ನೀರಿನ ಮೂರು ಪಾತ್ರೆ ಕಂಬಳಿಯೊಳಗೆ ತಳ್ಳಿದ. "ಸಂಜೆವರೆಗೂ ಯಾರೂ ತೆಗೀಬೇಡಿ."

ಮೂವರೂ ಊಟಕ್ಕೆ ಹೋದರು. ದರ್ಜಿಗೆ ತಡೆಯಲಾಗಲಿಲ್ಲ. ಕಂಬಳಿ ಎತ್ತಿದರೆ, ಬಳ್ಳಿ ಬೆಂದ ಸೊಪ್ಪಾಗಿತ್ತು. ಉಪ್ಪು ಹಾಕಿದ್ದರೆ ಬಡಿಸಬಹುದಿತ್ತು.

"ಸಾಮಾನು ಕಟ್ಲಾ?" ಎಂದಳು ಹೆಂಡತಿ ಬಾಗಿಲಲ್ಲಿ ನಿಂತು.

"ಬಾಯಿ ಮುಚ್ಚೇ!" ಎಂದವನೇ ಬಳ್ಳಿಯ ಅಳತೆ ತೆಗೆದುಕೊಂಡು, ಅದನ್ನು ಕಿತ್ತು, ಹೋಗುತ್ತಿದ್ದ ಕಸದ ಗಾಡಿಗೆ ಎಸೆದು ಗಿಡ ಮಾರುವ ನರ್ಸರಿಗೆ ಓಡಿದ.

"ಒಂಬತ್ತಡಿ ಉದ್ದ, ನಾಲ್ಕು ಕವಲು, ಸೊಂಟ ಒಂದೂವರೆ ಇಂಚು. ಇದೇ ಅಳತೆದು ಕೊಡಿ!"

ನರ್ಸರಿಯವನು ನಕ್ಕು ನಕ್ಕು ಹೊಟ್ಟೆ ಹಿಡಿದುಕೊಂಡ. "ಕೊಡ್ತೀನಿ. ಆದ್ರೆ ಸ್ವಾಮೀ, ಸೆಕೆ ಊರಲ್ಲಿ ದಿನಾ ನೀರು, ಚಳಿ ಊರಲ್ಲಿ ಅಪರೂಪಕ್ಕೆ. ಯಾರದೋ ಊರಿನ ಹವೆ ತಂದು ನಿಮ್ಮ ಕುಂಡಕ್ಕೆ ಸುರೀಬೇಡಿ. ಮಣ್ಣಿಗೆ ಬೆರಳು ಚುಚ್ಚಿ ನೋಡಿ. ಒಣಗಿದ್ರೆ ಹಾಕಿ, ತೇವ ಇದ್ರೆ ಸುಮ್ನಿರಿ."

ಇಷ್ಟು ಸುಲಭದ ಮಾತು ಬೆಳಗ್ಗೆ ಯಾರಿಗೂ ಹೊಳೆದಿರಲಿಲ್ಲ. ದರ್ಜಿ ಹೊಸ ಬಳ್ಳಿಯನ್ನು ಹಳೆಯ ಕುಂಡಕ್ಕೆ ನೆಟ್ಟು, ಬಣ್ಣ ಹೊಂದುವ ಹಸಿರು ದಾರದಿಂದ ಬಾಲ್ಕನಿಯ ಜಾಲರಿಗೆ ಅರವತ್ತೆರಡು ಕಡೆ ಕಟ್ಟಿದ. ಮದುವಣಗಿತ್ತಿಯ ರವಿಕೆಗೂ ಅವನು ಅಷ್ಟು ಚೆಂದದ ಗಂಟು ಹಾಕಿರಲಿಲ್ಲ. ಸಾಲದ್ದಕ್ಕೆ ಅದರಲ್ಲಿ ಒಂದು ಹೂವೂ ಅರಳಿತ್ತು.

ಐದು ಗಂಟೆಗೆ ಒಡತಿ ಮೇಲೆ ಬಂದಳು. ಹಿಂದೆಯೇ ಬಳ್ಳಿಯ ಆ ಮೂವರು ವೈದ್ಯರು. ಬಳ್ಳಿ ನೋಡಿದವಳೇ ಆಕೆ ಕುರ್ಚಿಯಲ್ಲಿ ಕುಸಿದು ಕೂತಳು.

"ಹೂ ಬಿಟ್ಟಿದ್ಯಾ?"

"ಬಿಟ್ಟಿದೆ ಅಮ್ಮಾ!" ದರ್ಜಿಯ ಎದೆ ಎರಡು ಇಂಚು ಉಬ್ಬಿತು.

"ನಿಮ್ಮನ್ನ ನಂಬಿ ಕೆಟ್ಟೆನಲ್ರೀ! ಆರು ವರ್ಷದಿಂದ ಇದರ ಕಾಟ. ಕಿಟಕಿ ತೆಗೆಯೋ ಹಾಗಿಲ್ಲ, ಹಾಸಿಗೆ ತುಂಬ ಇರುವೆ. ನಮ್ಮ ನಾದಿನಿ ಕೊಟ್ಟಿದ್ದು. ನಾನು ಕಿತ್ರೆ ಜನ್ಮಕ್ಕೆ ಮಾತಾಡಲ್ಲ. ಪ್ಲಾಸ್ಟಿಕ್ ಹೂವನ್ನೂ ಒಣಗಿಸೋ ಕೈ ಈ ಬೀದೀಲಿ ನಿಮ್ಮದೊಂದೇ ಅಂತ ಬಿಟ್ಟು ಹೋದೆ. ಇದು ಸತ್ತಿದ್ರೆ ಇನ್ನೂ ಹತ್ತು ವರ್ಷ ಇರಿ ಅಂತಿದ್ದೆ."

ದರ್ಜಿಗೆ ಉಸಿರು ಬಂತು. "ಸತ್ತಿದೆ ಅಮ್ಮಾ! ಕೈಯಾರೆ ಕೊಂದೆ! ಮುಳುಗಿಸಿ, ಇಸ್ತ್ರಿ ಹಾಕಿ, ಬೇಯಿಸಿ ಕೊಂದೆ! ಇದು ನರ್ಸರಿಯಿಂದ ತಂದ ಬೇರೆ ಬಳ್ಳಿ!"

"ಎಲಾ ಕೃತಘ್ನ!" ಎಂದ ಲಾರಿ ತಾತ. "ನನ್ನ ಇಪ್ಪತ್ನಾಲ್ಕು ಬಕೆಟ್ಟಿಗೆ ಬದುಕಿದ್ದು ಇದು."

"ನನ್ನ ಕಂಬಳಿಗೆ," ಎಂದಳು ನರ್ಸಮ್ಮ.

"ನನ್ನ ಹಬೆಗೆ. ಆ ಹೂವಿನ ಮುಖ ನೋಡಿ, ಥೇಟ್ ದ್ವೀಪದ್ದೇ!" ಎಂದ ಭಟ್ಟ.

ದರ್ಜಿ ಕೊನೆಯ ಸಾಕ್ಷಿಯಾಗಿ ಹೆಂಡತಿಯನ್ನು ಕೂಗಿದ. ಆಗ ತಾನೇ ಮೆಟ್ಟಿಲು ಹತ್ತಿಬಂದ ಅವಳಿಗೆ ಇಲ್ಲಿಯ ಮಾತು ಒಂದೂ ಕೇಳಿರಲಿಲ್ಲ. ಗಂಡ ಮಧ್ಯಾಹ್ನ ಹೇಳಿಕೊಟ್ಟಿದ್ದನ್ನು ಶಾಲೆಯ ಪಾಠದ ಹಾಗೆ ಒಪ್ಪಿಸಿದಳು: "ಎಂಟು ದಿನ ನಿದ್ದೆಗೆಟ್ಟು ಸಾಕಿದ್ರು ಅಮ್ಮಾ. ನಮ್ಮೋರ ಕೈ ತಾಗಿದ್ರೆ ಒಣಕಡ್ಡಿನೂ ಚಿಗುರುತ್ತೆ!"

ಒಡತಿ ಎದ್ದು ನಿಂತಳು. "ತಿಂಗಳ ಕೊನೆಗೆ ಖಾಲಿ ಮಾಡಿ. ಹೋಗೋ ಮುಂಚೆ ನಿಮ್ಮ ಜಾಗಕ್ಕೆ ಒಬ್ಬರನ್ನ ಹುಡುಕಿಕೊಡಿ. ಗಿಡದ ವಿಷ್ಯ ಏನೇನೂ ಗೊತ್ತಿಲ್ದೋರು ಬೇಕು."

"ಅದು ಕಷ್ಟ ಅಮ್ಮಾ," ಎಂದ ಲಾರಿ ತಾತ ಮೀಸೆ ತಿರುವುತ್ತಾ. "ಈ ಬೀದೀಲಿ ಅಂಥೋರು ಒಬ್ರೂ ಸಿಗಲ್ಲ."