ಬೀರು ಉಳಿಸಲು ಇಪ್ಪತ್ತೈದು ತಪ್ಪು

ಇಪ್ಪತ್ತೆಂಟು ವರ್ಷ ಗಾರ್ಮೆಂಟ್ಸ್‌ನ ಚೆಕಿಂಗ್ ಟೇಬಲ್ ಮುಂದೆ ಕೂತು ಅಂಗಿಗಳ ತಪ್ಪು ಹುಡುಕಿದ ಅತ್ತೆಮ್ಮನಿಗೆ, ಮಗ ತಂದ ನೋಟ್‌ಬುಕ್ಕಿನಗಲದ ಎಲೆಕ್ಟ್ರಾನಿಕ್ ಓದುವ ಹಲಗೆಯ ತಪ್ಪು ಹುಡುಕುವುದು ಯಾವ ಮಹಾ ಕೆಲಸ?

ನಿಜಕ್ಕೂ ಜಗಳ ಹಲಗೆಯದಲ್ಲ, ಬೀರುವಿನದು. ಹಾಲ್‌ನ ಕಿಟಕಿ ಪಕ್ಕದಲ್ಲಿದ್ದ ಯಜಮಾನರ ಪುಸ್ತಕದ ಬೀರುವಿಗೆ ಬೆನ್ನು ಕೊಟ್ಟು ಕೂತರೇನೇ ಅತ್ತೆಮ್ಮನಿಗೆ ಮನೆ ಮನೆಯಂತಿರುತ್ತಿತ್ತು. (ಯಜಮಾನರು ಹೋಗಿ ಒಂಬತ್ತು ವರ್ಷ. ಬದುಕಿದ್ದಾಗ ಅವರೂ ಇಷ್ಟು ಅಲುಗಾಡದೆ ಬೆನ್ನಿಗೆ ನಿಂತವರಲ್ಲ.) ಸೊಸೆಗೆ ಆ ಜಾಗದ ಮೇಲೇ ಕಣ್ಣು.

"ಅತ್ತೆ, ಆ ಪುಸ್ತಕ ಎಲ್ಲಾ ಇದರೊಳಗೆ ಹಿಡಿಸುತ್ತೆ. ಬೀರು ಹಿಂದಿನ ಕೋಣೆಗೆ ಹೋದ್ರೆ ಇಲ್ಲಿ ನನ್ನ ಟೇಬಲ್ ಹಾಕಬಹುದು."

"ಇದು ಈ ಮನೇಲಿ ಉಳಿದ್ರೆ ತಾನೆ?"

ಮಗ ನಡುವೆ ಬಂದ. "ಏಳು ದಿನದೊಳಗೆ ಅಂಗಡಿಯವ್ರು ವಾಪಸ್ ತಗೋತಾರಮ್ಮ. ನೀನೇ ಚೆಕ್ ಮಾಡು. ಇಪ್ಪತ್ತೈದು ತಪ್ಪು ಸಿಕ್ರೆ ಇದು ವಾಪಸ್, ಬೀರು ಅಲ್ಲೇ."

"ಇಪ್ಪತ್ತೈದಾ? ಅಷ್ಟು ನಿನ್ನಲ್ಲೇ ತಿಂಡಿಗೆ ಮುಂಚೆ ಸಿಗುತ್ತೆ."

"ಆದ್ರೆ ಬರೆದು ಕೊಡಬೇಕು" ಎಂದಳು ಸೊಸೆ. ಓದಲು ಬಂದರೂ ಅತ್ತೆಮ್ಮನ ಬರವಣಿಗೆ ರುಜುವಿನ ಆಚೆ ದಾಟಿಲ್ಲವೆಂದು ಅವಳಿಗೆ ಗೊತ್ತಿತ್ತು.

ಅತ್ತೆಮ್ಮ ಹಲಗೆಯ ಮೇಲೆ ಬರೆಯುವ ಕಡ್ಡಿಯನ್ನು ಗದೆಯಂತೆ ಎತ್ತಿದರು. ಗಾಜಿನ ಮೇಲೆ ಒಂದೊಂದು ಅಕ್ಷರವೂ ಕುಂಬಳಕಾಯಿ ಗಾತ್ರ. ತಪ್ಪಿದರೆ ಅಳಿಸಬಹುದು, ಕಾಗದ ಹರಿಯುವುದಿಲ್ಲ, ನಗುವವರಿಲ್ಲ. ದಿನಕ್ಕೆ ನಾಲ್ಕರಂತೆ ತಪ್ಪುಗಳು ಸಾಲುಗಟ್ಟಿದವು. ಒಂದು: ಹಾಳೆ ತಿರುಗಿಸಿದರೂ ಹಿಂದಿನ ಹಾಳೆಯ ನೆರಳು ಉಳಿಯುತ್ತದೆ, ನೆಟ್ಟಗೆ ಒಗೆಯದ ಬಟ್ಟೆಯ ಹಾಗೆ. ನಾಲ್ಕು: ಹಾಡಿನ ವಿಡಿಯೋದಲ್ಲಿ ಹಾಡು ಮುಗಿದ ಮೇಲೂ ಹಾಡುವವಳ ಬಾಯಿ ಆಡುತ್ತಿರುತ್ತದೆ. ಒಂಬತ್ತು: ಸೊಸೆಯ ಫೋಟೋ ಬೂದಿ ಬಳಿದಂತೆ ಕಾಣುತ್ತದೆ. (ಇದನ್ನು ಮೊದಲು ಗುಣವೆಂದು ಬರೆದು, ಆಮೇಲೆ ನ್ಯಾಯಕ್ಕೆ ಕಟ್ಟುಬಿದ್ದು ಬದಲಿಸಿದರು.) ಹದಿನೇಳು: ಕಡ್ಡಿಗೆ ಮನೆಯಿಲ್ಲ, ಪಕ್ಕಕ್ಕೆ ಅಂಟಿರುತ್ತದೆ, ಎತ್ತಿದರೆ ಉದುರುತ್ತದೆ.

ಏಳನೇ ದಿನ ಬೆಳಗ್ಗೆ ಲೆಕ್ಕ ಇಪ್ಪತ್ತಾರು. ಸೊಸೆ ಒಂದೊಂದನ್ನೂ ಒತ್ತಿ ನೋಡಿ ಮುಖ ಸಣ್ಣ ಮಾಡಿದಳು. "ಎಲ್ಲಾ ನಿಜ."

"ಸರಿ, ಒಳಗಿರೋದೆಲ್ಲ ಅಳಿಸಿ ಡಬ್ಬಿಗೆ ಹಾಕ್ತೀನಿ" ಎಂದ ಮಗ.

"ಎಲ್ಲಾ ಅಂದ್ರೆ?"

"ನೀನು ಬರೆದಿದ್ದೂ ಸೇರಿ. ಬೇಕಾದ್ರೆ ಫೋನಿಗೆ ಕಳಿಸ್ತೀನಿ, ನೋಡು."

ಫೋನಿನಲ್ಲಿ ಕುಂಬಳಕಾಯಿಗಳೆಲ್ಲ ಸಾಸಿವೆಯಾಗಿದ್ದವು. ಅತ್ತೆಮ್ಮ ನಲವತ್ತು ಹಾಳೆ ಬರೆದಿದ್ದರು. ಎಪ್ಪತ್ತು ವರ್ಷದಲ್ಲಿ ಅವರು ಬರೆದದ್ದೆಂದರೆ ಅಷ್ಟೇ. ಹಲಗೆಯನ್ನು ಮಗನ ಕೈಯಿಂದ ಕಿತ್ತು ಸೆರಗಿನೊಳಗೆ ಸೇರಿಸಿದರು.

"ಇದರಲ್ಲಿ ಇನ್ನೂ ತಪ್ಪುಗಳಿವೆ. ಚೆಕಿಂಗ್ ಮುಗಿಯೋ ತನಕ ಮಾಲು ಹೊರಗೆ ಹೋಗಲ್ಲ."

"ಹಾಗಾದ್ರೆ ಬೀರು?"

"ನಾನು ಗೆದ್ದಿದೀನಲ್ಲ, ಬೀರೂ ಕದಲಲ್ಲ."

ಎರಡನ್ನೂ ಗೆದ್ದ ಚಕ್ರವರ್ತಿನಿ ಬೀರುವಿಗೆ ಒರಗಿ ಕಡ್ಡಿ ಎತ್ತಿದರೆ, ಹಲಗೆ ಕಣ್ಣು ಮುಚ್ಚಿತು. ಚಾರ್ಜ್ ಖಾಲಿ. ಹಾಲ್‌ನಲ್ಲಿದ್ದ ಒಂದೇ ಪ್ಲಗ್ಗು ಟೀವಿಗೆ ಮೀಸಲು. ಇನ್ನೊಂದು ಇದ್ದದ್ದು ಹಿಂದಿನ ಕೋಣೆಯಲ್ಲಿ. ಅಲ್ಲಿಗೇ ಹೋಗಿ ಗೋಡೆಗೆ ಒರಗಿ ಕೂತರು. ಗೋಡೆ ತಣ್ಣಗೆ ಕೊರೆಯಿತು. ದಿಂಬಿಟ್ಟರೆ ಜಾರಿತು. ಮಧ್ಯಾಹ್ನದವರೆಗೆ ಒಂದೇ ಒಂದು ತಪ್ಪೂ ಹೊಳೆಯಲಿಲ್ಲ.

ಸಂಜೆ ಹಿಂದಿನ ಕೋಣೆಯಿಂದ ಅಪ್ಪಣೆ ಬಂತು. "ಇಬ್ಬರೂ ಬನ್ನಿ. ಆ ಬೀರು ಇಲ್ಲಿಗೆ ತಳ್ಳಿ. ಸೋತು ಹೇಳ್ತಿರೋದಲ್ಲ, ಚಾರ್ಜಿನ ವೈರು ಗಿಡ್ಡ."

ಸೊಸೆ ನಗಲಿಲ್ಲ. ಅದೇ ಅತ್ತೆಮ್ಮನನ್ನು ಹೆಚ್ಚು ಉರಿಸಿತು. ಸೊಸೆ ಸೆರಗು ಸಿಕ್ಕಿಸಿ, ಬೀರುವಿಗೆ ಭುಜ ಕೊಟ್ಟು, ವಿನಯದಿಂದ ಕೇಳಿದಳು:

"ವೈರು ಗಿಡ್ಡ ಅನ್ನೋದು ಬರೆದ್ರಾ ಅತ್ತೆ?"

"ಬರೀತಾ ಇದೀನಿ. ನೀನು ತಳ್ಳು."