ಮಳವಳ್ಳಿಗೆ ಬಂದ ಹಾರುವ ಹಲ್ಲಿ

ಕೆಲವರಿಗೆ ಶನಿ ಕಾಟ, ಕೆಲವರಿಗೆ ನೆಂಟರ ಕಾಟ. ನನಗೆ ಒಂದು ಚಿತ್ರಪಟದ ಕಾಟ. ಅದನ್ನು ಬಿಚ್ಚಿದ ಕಡೆಯಲ್ಲೆಲ್ಲ ಏನಾದರೊಂದು ಆಗಿಯೇ ತೀರುತ್ತಿತ್ತು. ಸುತ್ತಿಟ್ಟರೂ ಆಗುತ್ತಿತ್ತು.

ಮೂವತ್ತರ ದಶಕದಲ್ಲಿ ನಾನು ಮಳವಳ್ಳಿಯ ಒಂದು ಮಿಡ್ಲ್ ಸ್ಕೂಲಿನಲ್ಲಿ ವಿಜ್ಞಾನದ ಮೇಷ್ಟ್ರು. ಮೇಷ್ಟ್ರು ಅಂದರೆ ಹಂಗಾಮಿ ಮೇಷ್ಟ್ರು. ಮದ್ದೂರು ಸ್ಟೇಷನ್ ಹತ್ತಿರ ಹೋಟೆಲಿಟ್ಟಿದ್ದವರೊಬ್ಬರ ಮಗಳನ್ನು ನನಗೆ ಕೊಡುವ ಮಾತಾಗಿತ್ತು. ಹುಡುಗಿ ನನಗೆ ಬಹಳ ಹಿಡಿಸಿದ್ದಳು. ನಾನು ಅವಳಿಗೆ ಹಿಡಿಸಿದ್ದೆನೋ ಇಲ್ಲವೋ, ಆ ಕಾಲದಲ್ಲಿ ಅದನ್ನು ಕೇಳುವ ಪದ್ಧತಿ ಇರಲಿಲ್ಲ. ಅವರಪ್ಪನ ಮಾತು ಮಾತ್ರ ಸ್ಪಷ್ಟವಾಗಿತ್ತು: "ಮೊದಲು ಕೆಲಸ ಖಾಯಂ ಆಗಲಿ, ಆಮೇಲೆ ಲಗ್ನ ಕಟ್ಟಿಸೋಣ. ಹಂಗಾಮಿ ಮೇಷ್ಟ್ರಿಗೆ ಖಾಯಂ ಹೆಣ್ಣು ಕೊಡೋಕಾಗಲ್ಲ."

ಖಾಯಂ ಆಗಬೇಕಾದರೆ ಇನ್‌ಸ್ಪೆಕ್ಟರು ಬಂದು, ನನ್ನ ಪಾಠ ನೋಡಿ, ತಲೆಯಾಡಿಸಬೇಕು. ಆ ಪಾಠಕ್ಕೆಂದೇ ನಾನು ಚಿತ್ರಪಟ ತಂದದ್ದು. ಮೈಸೂರಿನಲ್ಲಿ ನನಗೆ ಪಾಠ ಹೇಳಿದ್ದ ಹಿರಿಯರೊಬ್ಬರು ನಿವೃತ್ತರಾಗುವಾಗ ಕೊಟ್ಟರು. ಬಟ್ಟೆಗೆ ಅಂಟಿಸಿದ ಆಳುದ್ದದ ಚಿತ್ರ. ಅದರಲ್ಲಿ ಕೋಟ್ಯಂತರ ವರ್ಷಗಳ ಹಿಂದೆ ಹಾರಾಡುತ್ತಿದ್ದ ಟೆರಡಾಕ್ಟಿಲ್ ಎಂಬ ಸರೀಸೃಪ, ಅಂದರೆ ಹಲ್ಲಿ ಹಾವುಗಳ ಕಡೆಯ ನೆಂಟ. ಬಾವಲಿ ರೆಕ್ಕೆ, ಭರ್ಜಿಯಂಥ ಕೊಕ್ಕು, ತಲೆಯಿಂದ ಹಿಂದಕ್ಕೆ ಚಾಚಿದ ಒಂದು ಮೂಳೆ. ಅಳತೆ ತಿಳಿಯಲೆಂದು ಮೂಲೆಯಲ್ಲಿ ಒಬ್ಬ ಟೋಪಿ ದೊರೆಯನ್ನು ನಿಲ್ಲಿಸಿದ್ದರು. ಆ ರೆಕ್ಕೆಯ ಮುಂದೆ ದೊರೆ ಗುಬ್ಬಚ್ಚಿಯಾಗಿದ್ದ.

೧. ಒಳಗೋ, ಟಾಪ್ ಮೇಲೋ

ರೈಲಿನಲ್ಲಿ ಮದ್ದೂರಿಗೆ ಬಂದು ಮಳವಳ್ಳಿ ಬಸ್ಸು ಹತ್ತಿದೆ. ಕಂಕುಳಲ್ಲಿ ಸುರುಳಿ. ಕಂಡಕ್ಟರ್ ತಡೆದು ನಿಲ್ಲಿಸಿದ.

"ಏನ್ ಸ್ವಾಮಿ ಅದು? ಬುಚ್ಚಿ ನೋಡವ."

ಬಿಚ್ಚಿದೆ. ಮುಂದಿನ ಸೀಟಿನ ಮುದುಕಿ ತಟಕ್ಕನೆ ಕೈ ಮುಗಿದಳು. "ಗರುಡಪ್ಪ ಕಣಮ್ಮ, ಕಾಪಾಡಪ್ಪ."

ಅವಳ ಪಕ್ಕದವನು ಬಗ್ಗಿ ನೋಡಿದ. "ಗರುಡ ಅಲ್ಲ ಕಣವ್ವೋ. ಇಂದ್ಗಡೆ ನೋಡು, ಜುಟ್ಟು ಬುಟ್ಟದೆ. ಅಯ್ನೋರ ಪೈಕಿ ಯಾವ್ದೋ ಪಕ್ಷಿ."

ನನಗೆ ಮೂಗಿನ ತುದಿಯಲ್ಲೇ ಕೋಪ. "ದೇವರೂ ಅಲ್ಲ, ಅಯ್ಯನವರೂ ಅಲ್ಲ. ಇದೊಂದು ಪ್ರಾಣಿ!" ಎಂದೆ.

"ಅಂಗಾದ್ರೆ ಟಾಪ್ ಮ್ಯಾಕೆ," ಎಂದ ಕಂಡಕ್ಟರ್. "ದ್ಯಾವ್ರ ಪಟ ಆದ್ರೆ ಒಳಗೆ, ಪ್ರಾಣಿ ಆದ್ರೆ ಟಾಪ್ ಮ್ಯಾಕೆ. ನಮ್ ಬಸ್ಸಿನ ರೂಲು."

"ಇದು ಬರೀ ಚಿತ್ರ ಕಣಯ್ಯಾ!"

"ಚಿತ್ರ ಯಾವ್ದುರ್ದು? ಪ್ರಾಣಿದೇ ತಾನೆ?"

ವಿಜ್ಞಾನ ಓದಿದವನು ಸುಳ್ಳು ಹೇಳಬಾರದು ಎಂದು ಹಲ್ಲು ಕಚ್ಚಿಕೊಂಡು ಕೂತೆ. ಟೆರಡಾಕ್ಟಿಲ್ ಮೇಲೆ ಹೋಗಿ ಕೋಳಿ ಕುಕ್ಕೆಗಳ ಪಕ್ಕ ಕೂತಿತು. ನಡುದಾರಿಯ ದೊಡ್ಡಿ ಊರು ದಾಟುವ ಹೊತ್ತಿಗೆ ಆಕಾಶ ಕಪ್ಪಿಟ್ಟಿತು. ಗಾಜಿನ ಮೇಲೆ ನಾಲ್ಕು ಹನಿ ಬಿದ್ದವು. ಬಣ್ಣ ಕರಗಿದರೆ ಪಾಠವಿಲ್ಲ, ಪಾಠವಿಲ್ಲದಿದ್ದರೆ ಕೆಲಸವಿಲ್ಲ, ಕೆಲಸವಿಲ್ಲದಿದ್ದರೆ ಹುಡುಗಿಯಿಲ್ಲ.

ಎದ್ದು ನಿಂತು ಕೂಗಿದೆ: "ನಿಲ್ಸಪ್ಪಾ! ಗರುಡನೇ ಕಣಪ್ಪ ಅದು, ಸಾಕ್ಷಾತ್ ಗರುಡ!"

ಬಸ್ಸು ನಿಂತಿತು. ಕಂಡಕ್ಟರ್ ನಿಧಾನವಾಗಿ ಇಳಿಯುತ್ತ ಹೇಳಿದ: "ಓದ್ದೋರ್ಗೆ ಮಳೆ ಬಂದ್ರೇನೆ ದ್ಯಾವ್ರು ಕಾಣಾದು."

೨. ಸರ್ಕಾರದ ಪಕ್ಷಿ

ನಮ್ಮ ಹೆಡ್‌ಮಾಸ್ಟರು ರಾಜಭಕ್ತರು. ಅವರ ಕೋಣೆಯಲ್ಲಿ, ಕುರ್ಚಿಯ ಹಿಂದೆ, ಮೈಸೂರು ಸಂಸ್ಥಾನದ ಲಾಂಛನವನ್ನು ಕಟ್ಟು ಹಾಕಿಸಿ ತೂಗುಹಾಕಿದ್ದರು. ಎರಡು ತಲೆಯ ಗಂಡಭೇರುಂಡ. ಪ್ರತಿದಿನ ಅದಕ್ಕೆ ಒಂದು ದಾಸವಾಳ.

ನನ್ನ ಚಿತ್ರಪಟವನ್ನು ಅವರು ಬಹಳ ಹೊತ್ತು ನೋಡಿದರು. ಆಮೇಲೆ ದನಿ ತಗ್ಗಿಸಿ ಕೇಳಿದರು: "ಇನ್ನೊಂದು ತಲೆ ಎಲ್ರೀ?"

"ಇದಕ್ಕೆ ಒಂದೇ ತಲೆ ಸಾರ್."

"ಅದು ಹ್ಯಾಗೆ? ಸರ್ಕಾರದ ಪಕ್ಷಿಗೆ ಎರಡು ತಲೆ. ಸರ್ಕಾರಿ ಸ್ಕೂಲಿನಲ್ಲಿ ಒಂದು ತಲೆ ಪಕ್ಷಿ ನೇತುಹಾಕಿದರೆ, ನಾವೇ ಇನ್ನೊಂದನ್ನ ಕಡಿದು ಹಾಕಿದ್ದೀವಿ ಅಂತ ತಿಳ್ಕೊಳ್ಳೋಲ್ವೆ?"

"ಸಾರ್, ಇದು ಪಕ್ಷಿಯಲ್ಲ. ಕೋಟ್ಯಂತರ ವರ್ಷದ ಹಿಂದಿನ ಪ್ರಾಣಿ. ಆಗ ಮನುಷ್ಯರೇ ಇರಲಿಲ್ಲ."

"ಮಹಾರಾಜರು?"

"ಅವರೂ ಇರಲಿಲ್ಲ ಸಾರ್."

ಹೆಡ್‌ಮಾಸ್ಟರು ಎದ್ದು ಹೋಗಿ ಬಾಗಿಲು ಹಾಕಿ ಬಂದರು. "ನೋಡಿ, ನೀವು ಇನ್ನೂ ಚಿಕ್ಕವರು, ಮದುವೆ ಆಗಬೇಕಾದವರು. ಮಹಾರಾಜರು ಇಲ್ಲದ ಕಾಲ ಒಂದಿತ್ತು ಅಂತ ನನ್ನ ಹತ್ತಿರ ಹೇಳಿದಿರಿ, ನಾನು ಕೇಳಿಸಿಕೊಳ್ಳಲಿಲ್ಲ. ಇನ್‌ಸ್ಪೆಕ್ಟರ ಹತ್ತಿರ ಹೇಳಬೇಡಿ."

೩. ಬೆಂಕಿ ಮತ್ತು ವರ್ಷ

ಆ ಭಾನುವಾರ ಮದ್ದೂರಿಗೆ, ಹೆಣ್ಣಿನ ಮನೆಗೆ ಹೋದೆ. ನಡುಮನೆಯಲ್ಲಿ ಹುಡುಗಿಯ ಅಜ್ಜಿ ಹೂಬತ್ತಿ ಹೊಸೆಯುತ್ತ ಕೂತಿದ್ದರು.

"ಸ್ಕೂಲಲ್ಲಿ ಏನಪ್ಪಾ ಹೇಳ್ಕೊಡ್ತೀಯ?"

ಹುಡುಗಿ ಒಳಗೆ ಅಡುಗೆಮನೆಯಲ್ಲಿ ಕೇಳಿಸಿಕೊಳ್ಳುತ್ತಿದ್ದಳೆಂದು ನನಗೆ ಗೊತ್ತಿತ್ತು. ಅದಕ್ಕೇ ಸ್ವಲ್ಪ ಜೋರಾಗಿ, ಸ್ವಲ್ಪ ಉದ್ದವಾಗಿ ಹೇಳಿದೆ. ನನ್ನ ಚಿತ್ರಪಟದ ಪ್ರಾಣಿಯ ಮೂಳೆಗಳು ಬಂಡೆಯೊಳಗೆ ಸಿಗುತ್ತವೆ. ಚೀನಾದವರೋ ಯೂರೋಪಿನವರೋ ಹಿಂದೆ ಇಂಥ ಮೂಳೆ ಕಂಡು, ರೆಕ್ಕೆಯುಳ್ಳ, ಬೆಂಕಿ ಉಗುಳುವ ಮಹಾಸರ್ಪ ಇತ್ತೆಂದು ಕಥೆ ಕಟ್ಟಿರಬಹುದು. ಅದಕ್ಕೆ ಡ್ರ್ಯಾಗನ್ ಎನ್ನುತ್ತಾರೆ.

"ಅದರಲ್ಲಿ ಕಥೆ ಏನು ಬಂತು?" ಎಂದರು ಅಜ್ಜಿ. "ಹಾವಿಗೆ ವಯಸ್ಸಾದ ಹಾಗೆಲ್ಲ ಗಿಡ್ಡ ಆಗ್ತಾ ಆಗ್ತಾ ರೆಕ್ಕೆ ಬರುತ್ತೆ. ನಮ್ಮತ್ತೆ ಶಿಂಷಾ ಹೊಳೆ ಹತ್ರ ಕಣ್ಣಾರೆ ಕಂಡಿದ್ದರು."

"ಅಜ್ಜಿ, ಅದೆಲ್ಲ ಕಲ್ಪನೆ. ಮೂಳೆ ಕಂಡು ಜನ ಏನೇನೋ ಸೇರಿಸಿಬಿಡ್ತಾರೆ."

"ನಿಮ್ಮ ಪುಸ್ತಕದವರು ಏನು ಕಂಡಿದ್ದಾರೆ?"

"ಮೂಳೆ."

"ಚೀನಾದವರು?"

"ಅವರೂ ಮೂಳೆಯೇ."

"ಇಬ್ಬರೂ ಕಂಡಿದ್ದು ಮೂಳೆ. ಅವರು ಬೆಂಕಿ ಸೇರಿಸಿದರು, ಇವರು ಕೋಟಿ ವರ್ಷ ಸೇರಿಸಿದರು. ಕಣ್ಣಾರೆ ಕಂಡಿದ್ದು ನಮ್ಮತ್ತೆ ಒಬ್ಬರೇ, ಅವರದ್ದು ಕಲ್ಪನೆ!"

ಒಳಗಿನಿಂದ ಕಿಸಕ್ಕೆಂದು ನಗು ಕೇಳಿಸಿತು. ಅದರ ಹಿಂದೆಯೇ ಪಾತ್ರೆ ಬಿದ್ದ ಸದ್ದು. ನನ್ನ ಮಾನ ಹೋಯಿತು, ನಿಜ. ಆದರೆ ಆ ನಗು ಕೇಳಿದ ಮೇಲೆ, ಮದುವೆಯಾದರೆ ಇವಳನ್ನೇ ಎಂದು ಗಟ್ಟಿಮಾಡಿಕೊಂಡೆ. ಹೊರಡುವಾಗ ಅಜ್ಜಿ ಮಗನಿಗೆ ಹೇಳುತ್ತಿದ್ದರು: "ಹುಡುಗ ಒಳ್ಳೆಯವನು ಕಣೋ. ವಾದದಲ್ಲಿ ಬೇಗ ಸೋಲ್ತಾನೆ, ಗಂಡನಾಗೋಕೆ ಲಾಯಕ್ಕು."

೪. ಬಂಡೂರಿನ ಟಗರು

ಚಿತ್ರದ ಸುದ್ದಿ ಬಂಡೂರಿನವರೆಗೆ ಹೋಯಿತು. ಒಂದು ದಿನ ಕುರಿ ಕಾಯುವವನೊಬ್ಬ ತನ್ನ ಗೌಡರನ್ನೇ ಕರೆದುಕೊಂಡು ನನ್ನ ತರಗತಿಗೆ ಬಂದ. ಗೌಡರ ಮುದ್ದಿನ ಟಗರೊಂದು ಮಾಯವಾಗಿತ್ತಂತೆ. ಕುಳ್ಳ ಕಾಲಿನ, ಕೊಬ್ಬಿದ ಬಂಡೂರು ಟಗರು.

"ನೋಡಿ ಗೌಡ್ರೇ," ಎಂದು ಅವನು ಗೋಡೆಗೆ ಕೈ ತೋರಿಸಿದ. "ರೆಕ್ಕೆ ಇರಾದು ಬಂದು ಎತ್ಕಂಡೋಯ್ತು ಅಂದ್ರೆ ನೀವು ನಂಬ್ನಿಲ್ಲ. ಇದೇಯ! ಇಸ್ಕೂಲ್ನಾಗೇ ಬರ್ದವ್ರೆ!"

ಗೌಡರು ನನ್ನ ಕಡೆ ತಿರುಗಿದರು. "ಮೇಷ್ಟ್ರೇ, ಇದು ಟಗರು ತಿಂತದಾ?"

"ಇದು ಮೀನು ತಿನ್ನುತ್ತಿತ್ತು ಗೌಡರೇ."

"ಮೀನು ಸಿಗ್ದಿದ್ರೆ?" ಎಂದ ಕುರಿಯವನು.

"ಅಯ್ಯಾ, ಇದರ ವಂಶವೇ ನಾಶವಾಗಿ ಹೋಗಿದೆ!"

"ಯಾವಾಗ? ನಮ್ ಟಗರು ತಿನ್ನಕ್ ಮೊದ್ಲೋ, ತಿಂದ್ಮೇಲೋ?"

ನನಗೆ ರೇಗಿತು. ಎಲ್ಲಾ ಸತ್ತು ಕಲ್ಲಾಗಿವೆ ಎಂದು ಅರಚಿದೆ. ಗೌಡರು ನ್ಯಾಯಸ್ಥರು. "ಎಲ್ಲಾ ಸತ್ತಿದ್ನ ನೀವು ಕಂಡಿದ್ದೀರಾ?" ಎಂದು ಕೇಳಿದರು. ಕಂಡಿರಲಿಲ್ಲ. "ಅಂಗಾದ್ರೆ ಅವ್ನ ಮ್ಯಾಲೆ ತಪ್ಪು ಒರ್ಸಕಾಗಾಕಿಲ್ಲ," ಎಂದು ತೀರ್ಪು ಕೊಟ್ಟು ಎದ್ದರು. ಕುರಿಯವನು ಹೋಗುವಾಗ ಚಿತ್ರಕ್ಕೆ ಅಡ್ಡಬಿದ್ದು ಹೋದ.

ಹದಿನೈದು ದಿನ ಬಿಟ್ಟು ಗೌಡರೇ ಸಂತೆಯಲ್ಲಿ ಸಿಕ್ಕರು. ಕುರಿಯವನ ಮಗಳ ಮದುವೆಯ ಬೀಗರೂಟಕ್ಕೆ ಹೋಗಿ ಬಂದಿದ್ದರಂತೆ.

"ಊಟ ಹೇಗಿತ್ತು ಗೌಡರೇ?"

ಗೌಡರು ಮೀಸೆ ಒರೆಸಿಕೊಂಡರು. "ನಿಮ್ ಪಕ್ಷಿ ಬಾಡೂಟ ಬೋ ರುಚಿಯಾಗಿ ಮಾಡ್ತದೆ ಬುಡಿ ಮೇಷ್ಟ್ರೇ."

೫. ಇನ್‌ಸ್ಪೆಕ್ಟರು ಬಂದರು

ಕೊನೆಗೂ ಆ ದಿನ ಬಂತು. ಹಿಂದಿನ ದಿನ ಹೆಡ್‌ಮಾಸ್ಟರು "ಮೂಲೆ ಹರಿದಿದೆ, ಸರಿ ಮಾಡಿಸ್ತೀನಿ" ಎಂದು ಚಿತ್ರಪಟವನ್ನು ಡ್ರಾಯಿಂಗ್ ಮೇಷ್ಟ್ರ ಕೈಗೆ ಕೊಡಿಸಿದ್ದರು. ಬೆಳಿಗ್ಗೆ ಸುರುಳಿ ವಾಪಸ್ಸು ಬಂತು. ಬಿಚ್ಚಿ ನೋಡಲು ಹೊತ್ತಿರಲಿಲ್ಲ, ಇನ್‌ಸ್ಪೆಕ್ಟರ ಕಾರು ಗೇಟಿಗೆ ಬಂದಿತ್ತು.

ಇನ್‌ಸ್ಪೆಕ್ಟರು ನಗದ ಮನುಷ್ಯ. ಮುಂದಿನ ಬೆಂಚಿನ ಪಕ್ಕ ಕುರ್ಚಿ ಹಾಕಿಸಿಕೊಂಡು ಕೂತರು. ಬಾಗಿಲಲ್ಲಿ ಹೆಡ್‌ಮಾಸ್ಟರು. ಅವರ ಹಿಂದೆ, ಇನ್‌ಸ್ಪೆಕ್ಟರಿಗೆ ಉಪ್ಪಿಟ್ಟು ತಂದ ನೆಪದಲ್ಲಿ, ಮದ್ದೂರಿನಿಂದ ಬಂದ ನನ್ನ ಭಾವೀ ಮಾವ.

"ಮಕ್ಕಳೇ, ಇದೇ ಟೆರಡಾಕ್ಟಿಲ್," ಎಂದು ಸುರುಳಿ ಬಿಚ್ಚಿ ಗೋಡೆಗೆ ಹಾಕಿದೆ. ಮಕ್ಕಳೆಲ್ಲ ಬೆಂಚಿನಿಂದ ಮುಂದಕ್ಕೆ ಬಗ್ಗಿದರು. ತಿರುಗಿ ನೋಡಿದೆ.

ಎರಡು ತಲೆ!

ಹೊಸ ತಲೆ ಹಳೆಯದಕ್ಕಿಂತ ಚೆನ್ನಾಗಿತ್ತು. ಡ್ರಾಯಿಂಗ್ ಮೇಷ್ಟ್ರು ಅದರ ಕಣ್ಣಿಗೆ ಕಾಡಿಗೆ ಕೂಡ ತೀಡಿದ್ದರು. ಬಾಗಿಲಲ್ಲಿ ಹೆಡ್‌ಮಾಸ್ಟರು, ನನ್ನ ಪ್ರಾಣ ಉಳಿಸಿದವರ ಹಾಗೆ, ಮೆಲ್ಲನೆ ಕಣ್ಣು ಮಿಟುಕಿಸಿದರು.

ಇನ್‌ಸ್ಪೆಕ್ಟರು ಕನ್ನಡಕ ಸರಿಮಾಡಿಕೊಂಡರು. "ನಾನು ಕಾಲೇಜಿನಲ್ಲಿ ಈ ಪ್ರಾಣಿಯ ಬಗ್ಗೆ ಓದಿದ್ದೇನೆ. ಎರಡು ತಲೆ ಯಾತಕ್ಕೆ?"

ಹೆಡ್‌ಮಾಸ್ಟರು ಮಾಡಿಸಿದ್ದು ಎಂದರೆ ಅವರು ನನ್ನನ್ನು ಬದುಕಗೊಡುವುದಿಲ್ಲ. ನಿಜವಾಗಿ ಹಾಗೇ ಇತ್ತು ಎಂದರೆ ಇನ್‌ಸ್ಪೆಕ್ಟರು ಬಿಡುವುದಿಲ್ಲ. ಕಣ್ಣ ಮುಂದೆ ಹುಡುಗಿ ಇನ್ನಾವನದೋ ಪಕ್ಕ ಹಸೆಮಣೆಯ ಮೇಲೆ ಕೂತಳು. ಹೊಟ್ಟೆ ಉರಿದುಹೋಯಿತು. ಹೇಗಿದ್ದರೂ ಕೆಲಸ ಹೋಯಿತು ಎಂದುಕೊಂಡ ಮೇಲೆ ಬಾಯಿಗೆ ಹೆದರಿಕೆ ಇರುವುದಿಲ್ಲ.

"ಒಂದು ತಲೆ ಕೆಲಸ ಮಾಡೋಕೆ ಸಾರ್," ಎಂದೆ. "ಇನ್ನೊಂದು ಮೇಲ್ವಿಚಾರಣೆಗೆ."

ಉಪ್ಪಿಟ್ಟಿನ ಡಬ್ಬದ ಮುಚ್ಚಳ ಠಣ್ಣೆಂದು ಕೆಳಗೆ ಬಿತ್ತು. ಇನ್‌ಸ್ಪೆಕ್ಟರು ಚಿತ್ರವನ್ನು ನೋಡಿದರು, ನನ್ನನ್ನು ನೋಡಿದರು, ತಿರುಗಿ ಬಾಗಿಲಲ್ಲಿ ಎದೆ ಸೆಟೆಸಿ ನಿಂತಿದ್ದ ಹೆಡ್‌ಮಾಸ್ಟರನ್ನು ನೋಡಿದರು. ಕನ್ನಡಕ ತೆಗೆದು ಬಹಳ ಹೊತ್ತು ಒರೆಸಿದರು.

"ಈ ಜಾತಿ ಯಾಕೆ ನಿರ್ನಾಮ ಆಯ್ತು ಅಂತ ನನಗೆ ಕಾಲೇಜಿನಲ್ಲಿ ಯಾರೂ ಸರಿಯಾಗಿ ಹೇಳಿರಲಿಲ್ಲ," ಎಂದರು. "ಈಗ ಗೊತ್ತಾಯ್ತು. ನಿಮ್ಮನ್ನ ಖಾಯಂ ಮಾಡೋಕೆ ಬರೀತೀನಿ."

ಆಮೇಲೆ ಉಪ್ಪಿಟ್ಟು ತಿಂದು, ನಗದೆ, ಹೋದರು. ಭಾವೀ ಮಾವ ಅಲ್ಲೇ ವರಾಂಡದಲ್ಲಿ ಪಂಚಾಂಗ ತೆಗೆದರು. ನನಗೆ ಕೂಗಿ ಕುಣಿಯುವಷ್ಟು ಸಂತೋಷ.

ಹೆಡ್‌ಮಾಸ್ಟರು ಹತ್ತಿರ ಬಂದು ನನ್ನ ಹೆಗಲ ಮೇಲೆ ಕೈ ಹಾಕಿದರು. "ಕಂಡಿರಾ? ನೀವು ಒಂದೇ ತಲೆ ಸಾಕು ಅಂತ ಹಟ ಹಿಡಿದಿದ್ದಿರಿ. ನಾನು ಇನ್ನೊಂದು ಹಾಕಿಸದೇ ಹೋಗಿದ್ದರೆ ನಿಮಗೆ ಮದುವೆಯೇ ಆಗ್ತಿರಲಿಲ್ಲ!"